‘ಮಾಯಕೊಂಡದ ಕೈಮರ’ ಕಳಿಸಿದವರಿಗೆ

ನಮಸ್ಕಾರ.

ನಿಮ್ಮ ಕಥೆಯನ್ನು ಈಗಿರುವಂತೆ ಪ್ರಕಟಿಸಲು ಆಗುವುದಿಲ್ಲ. ಹತ್ತಿ ಮೂಟೆಗಳ ಮೇಲೆ ಕೂತು ದಾವಣಗೆರೆ ರೈಲುಗಾಡಿ ಕಾಯುವವರ ಮಾತುಕತೆ ಸೊಗಸಾಗಿದೆ, ಅದನ್ನು ಮುಟ್ಟಬೇಡಿ. ಕೆಟ್ಟಿರುವುದು ಕಥೆಯ ಮುಖ್ಯ ಘಟನೆಯೇ.

ದನ ತುಳಿದು ಕೈಮರದ, ಅಂದರೆ ರೈಲ್ವೆ ಸಿಗ್ನಲ್ ಕಂಬದ, ತಂತಿ ಕಡಿಯುತ್ತದೆ, ಕಂಬದ ಕೈ ತಾನಾಗಿ ಇಳಿಯುತ್ತದೆ, ಎರಡು ಗಾಡಿಗಳು ಎದುರುಬದುರಾಗುತ್ತವೆ ಎಂದಿದ್ದೀರಿ. ಹಾಗಾಗದು. ನೀವು ವರ್ಣಿಸಿರುವ ಕೈಮರದಲ್ಲಿ ಕೈ ಅಡ್ಡವಾಗಿದ್ದರೆ ನಿಲ್ಲಬೇಕು, ಇಳಿದಿದ್ದರೆ ಬರಬಹುದು. ಲಿವರ್ ಎಳೆದು ತಂತಿ ಬಿಗಿಯಾದಾಗಷ್ಟೇ ಕೈ ಇಳಿಯುತ್ತದೆ. ತಂತಿ ಕಡಿದರೆ ಕಂಬಕ್ಕಿರುವ ಭಾರ ಅದನ್ನು ಮತ್ತೆ ಅಡ್ಡಕ್ಕೆ ತರುತ್ತದೆ. ಕೆಟ್ಟರೂ ಗಾಡಿ ನಿಲ್ಲಿಸುವ ಕಡೆಗೇ ಕೆಡಲಿ ಎಂದೇ ಅದನ್ನು ಹಾಗೆ ಮಾಡಿರುವುದು. ಅಂಥ ರಾತ್ರಿ ಗಾಡಿ ಸಿಗ್ನಲ್ಲಿನಾಚೆ ಕತ್ತಲಲ್ಲಿ ಸಿಳ್ಳೆ ಹಾಕುತ್ತ ನಿಂತಿರುತ್ತದೆ, ಸ್ಟೇಷನ್ ಮಾಸ್ತರರ ಚೀಟಿ ಬರುವವರೆಗೆ.

ಡಿಕ್ಕಿಗೆ ಇನ್ನೂ ದೊಡ್ಡ ಅಡ್ಡಿ ಟೋಕನ್, ಮುಂದಿನ ನಿಲ್ದಾಣದವರೆಗೆ ಹೋಗಲು ಡ್ರೈವರನಿಗೆ ಸಿಗುವ ಪರವಾನಗಿ. ನೀವದನ್ನು ‘ಬೆತ್ತದ ಬಳೆ’ ಎಂದು ಒಂದೇ ಸಾಲಿನಲ್ಲಿ ಮುಗಿಸಿದ್ದೀರಿ. ನಿಜವಾದ ಕಥೆ ಅಲ್ಲೇ ಇದೆ. ಕಥೆಯ ಕಾಲದಲ್ಲಿ, ಎರಡೂ ದಿಕ್ಕಿನ ಗಾಡಿಗಳು ಓಡುವ ಒಂಟಿ ಹಳಿಯಲ್ಲಿ, ಎರಡು ನಿಲ್ದಾಣಗಳ ಟೋಕನ್ ಯಂತ್ರಗಳು ವಿದ್ಯುತ್ ತಂತಿಯಿಂದ ಒಂದಕ್ಕೊಂದು ಬಿಗಿದುಕೊಂಡಿರುತ್ತವೆ. ಈ ಮಾಸ್ತರರು ಗಂಟೆ ಒತ್ತಿ ಲೈನ್ ಕ್ಲಿಯರ್, ಅಂದರೆ ಗಾಡಿ ಬಿಡಲು ಒಪ್ಪಿಗೆ, ಕೇಳಬೇಕು. ಆ ಕಡೆಯವರು ಒಪ್ಪಿದರೆ ಮಾತ್ರ ಇಲ್ಲಿ ಹಿಡಿ ತಿರುಗಿ ಲೋಹದ ಗುಂಡೊಂದು ಹೊರಬೀಳುತ್ತದೆ. ಅದನ್ನು ಬಳೆಗೆ ಕಟ್ಟಿದ ಚೀಲಕ್ಕೆ ಹಾಕಿ ಡ್ರೈವರನಿಗೆ ಕೊಡುತ್ತಾರೆ. ನಿಲ್ಲದ ಗಾಡಿಯಾದರೆ ಪಾಯಿಂಟ್ಸ್‌ಮನ್ (ನಿಲ್ದಾಣದಲ್ಲಿ ಹಳಿ ಬದಲಿಸುವ ನೌಕರ) ಬಳೆಯನ್ನು ಎತ್ತಿ ಹಿಡಿಯಬೇಕು, ಎಂಜಿನ್ನಿನಿಂದ ಬಾಗಿದವನು ಅದಕ್ಕೆ ತೋಳು ತೂರಿಸಬೇಕು, ಹಿಂದಿನ ಬಳೆಯನ್ನು ಎಸೆಯಬೇಕು. ತಪ್ಪಿದರೆ ಗಾಡಿ ನಿಲ್ಲಲೇಬೇಕು. ಗುಂಡು ಯಂತ್ರಕ್ಕೆ ಮರಳುವ ತನಕ ಎರಡೂ ಕಡೆ ಇನ್ನೊಂದು ಗುಂಡು ಬರುವುದಿಲ್ಲ.

ಈಗ ಯೋಚಿಸಿ: ಎಸೆದ ಬಳೆ ಜಾಲಿ ಮೆಳೆಯೊಳಗೆ ಬಿದ್ದು ಚೀಲದಿಂದ ಗುಂಡು ಉರುಳಿಹೋದರೆ? ಎದುರು ದಿಕ್ಕಿಗೆ ಹೊರಡಬೇಕಾದ ಗಾಡಿ ಇದೇ ನಿಲ್ದಾಣದ ಪಕ್ಕದ ಹಳಿಯಲ್ಲಿ ಉಗಿ ಕಟ್ಟಿಕೊಂಡು ಕಾಯುತ್ತಿದೆ, ಇಲ್ಲಿ ಲಾಟೀನು ಹಿಡಿದು ಎಲ್ಲರೂ ಮುಳ್ಳಿನಲ್ಲಿ ತಡಕುತ್ತಿದ್ದಾರೆ. ಡಿಕ್ಕಿಗಿಂತ ಇದರಲ್ಲಿ ಉಸಿರು ಬಿಗಿಹಿಡಿಸುವ ಶಕ್ತಿ ಹೆಚ್ಚು, ನಿಮ್ಮ ಪಾಯಿಂಟ್ಸ್‌ಮನ್ ಪಾತ್ರಕ್ಕೂ ಕೆಲಸ ಸಿಗುತ್ತದೆ.

ಇಸವಿಗಳನ್ನೂ ನೋಡಿ. ಕಥೆ ನಡೆಯುವುದು 1960ರಲ್ಲಿ. ಆಗ ಮಾಯಕೊಂಡ ಮೈಸೂರು ರಾಜ್ಯದ ಚಿತ್ರದುರ್ಗ ಜಿಲ್ಲೆಯಲ್ಲಿತ್ತು. ದಾವಣಗೆರೆ ಜಿಲ್ಲೆಯಾದದ್ದು 1997ರಲ್ಲಿ. ನೈಋತ್ಯ ರೈಲ್ವೆ 2003ರದು, ನಿಮ್ಮ ಮಾಸ್ತರರು ದಕ್ಷಿಣ ರೈಲ್ವೆಯ ನೌಕರರು. ಬೆಂಗಳೂರು ಕಡೆಯಿಂದ ಹರಿಹರಕ್ಕೆ ಹಳಿ ಮುಟ್ಟಿದ್ದು 1889ರಲ್ಲಿ, ಸದರ್ನ್ ಮರಾಠಾ ರೈಲ್ವೆ ಕಂಪನಿಯ ಕಾಲಕ್ಕೆ. ಅದು 1000 ಮಿಲಿಮೀಟರ್ ಅಗಲದ ಮೀಟರ್‌ಗೇಜ್ ಹಳಿ. ಈಗಿನ 1676 ಮಿಲಿಮೀಟರ್ ಅಗಲದ ಹಳಿಯನ್ನು ನೋಡಿ ಬರೆದ ವರ್ಣನೆ ಅಲ್ಲಿಗೆ ಸಲ್ಲದು.

ಮೊದಲ ಪುಟದ ಸೂರ್ಯೋದಯ ತೆಗೆದು, ಮಾಸ್ತರರು ಗಂಟೆ ಒತ್ತುವಲ್ಲಿಂದ ಶುರುಮಾಡಿ. ತಿದ್ದಿದ ಪ್ರತಿಯನ್ನು ನನ್ನ ಹೆಸರಿಗೇ ಕಳಿಸಿ, ಖಂಡಿತ ಓದುತ್ತೇನೆ.