ಡೆಮೊದಲ್ಲಿ ಆಡಿ ನೋಡಿದರೆ ಸ್ಲಾಟ್ ಗೇಮ್‌ನ ವೊಲಟಿಲಿಟಿ ಗೊತ್ತಾಗುತ್ತಾ?

'ಡೆಮೊದಲ್ಲಿ 200 ಸ್ಪಿನ್ ಆಡಿದೆ, 70 ಸಲ ಗೆದ್ದೆ, ಹಾಗಾದ್ರೆ ಇದು ಕಡಿಮೆ ವೊಲಟಿಲಿಟಿ ಗೇಮ್ ಅಲ್ವಾ, 20,000 ಹಾಕಬಹುದಾ' ಅಂತ ಕೇಳಿದ್ದೀರಿ. ಗೊತ್ತಿಲ್ಲದವರಿಗೆ: ಸ್ಲಾಟ್ ಅಂದ್ರೆ ಗುಂಡಿ ಒತ್ತಿ ಚಿತ್ರಗಳನ್ನು ತಿರುಗಿಸುವ ಜೂಜಿನ ಆಟ, ಒಂದು ಸಲ ತಿರುಗಿಸಿದರೆ ಒಂದು ಸ್ಪಿನ್. ಡೆಮೊ ಅಂದ್ರೆ ಅದನ್ನೇ ನಿಜವಾದ ದುಡ್ಡಿಲ್ಲದೆ ಆಡೋದು. ವೊಲಟಿಲಿಟಿ ಅಂದ್ರೆ ಗೆಲುವಿನ ಏರಿಳಿತ. ನಾನು 300 ಸ್ಪಿನ್ ಆಡಿ ನೋಡಿದ್ದೆ. 93 ಸಲ ಗೆದ್ದಿದ್ದೆ. ಸಾಲದು ಅಂತ ಎಕ್ಸೆಲ್ ಶೀಟ್ ಬೇರೆ ಮಾಡಿಟ್ಟಿದ್ದೆ.

2022ರ ನವೆಂಬರ್. ಕಂಪನಿ ಕೆಲಸದ ಮೇಲೆ ಇಂಗ್ಲೆಂಡಿನ ರೆಡಿಂಗ್‌ನಲ್ಲಿದ್ದೆ. ಊರು ದಾವಣಗೆರೆ, ಕೆಲಸ ಸಾಫ್ಟ್‌ವೇರ್ ಟೆಸ್ಟಿಂಗ್. ಹೆಂಡತಿ, ಮಗಳು ವೀಸಾಗೆ ಕಾಯುತ್ತಾ ಊರಲ್ಲೇ ಇದ್ದರು. ನಾನು ಮೂರು ಜನ ಹಂಚಿಕೊಂಡ ಮನೆಯ ಒಂದು ರೂಮಿನಲ್ಲಿದ್ದೆ. ಅವರು ಬರುವಷ್ಟರಲ್ಲಿ ಬೇರೆ ಮನೆ ಹಿಡಿಯಬೇಕು ಅಂತ ಡೆಪಾಸಿಟ್‌ಗೆ ದುಡ್ಡು ಎತ್ತಿಟ್ಟಿದ್ದೆ. ಆ ತಿಂಗಳಲ್ಲಿ ಅಲ್ಲಿ ನಾಲ್ಕೂವರೆಗೆಲ್ಲ ಕತ್ತಲು. ಊಟ ಮುಗಿಸಿ ಮನೆಗೆ ಫೋನ್ ಮಾಡೋಣ ಅಂದ್ರೆ ಅಲ್ಲಿ ಎಲ್ಲರೂ ಮಲಗಿರುತ್ತಿದ್ದರು. ಹೀಗೆ ಶುರುವಾಯಿತು.

ಅಲ್ಲಿ ಆನ್‌ಲೈನ್ ಸ್ಲಾಟ್ ಕಾನೂನಿಗೆ ವಿರುದ್ಧ ಅಲ್ಲ. ಸೈಟ್‌ಗೆ ಲೈಸೆನ್ಸ್ ಬೇಕು. ಡೆಮೊ ಆಡೋಕೂ ವಯಸ್ಸಿನ ಪುರಾವೆ ಕೊಡಬೇಕು. 2020ರಿಂದ ಕ್ರೆಡಿಟ್ ಕಾರ್ಡ್ ನಡೆಯಲ್ಲ. 2021ರ ಅಕ್ಟೋಬರ್ ಕೊನೆಯಿಂದ ಒಂದು ಸ್ಪಿನ್‌ಗೆ ಕನಿಷ್ಠ 2.5 ಸೆಕೆಂಡ್ ಹಿಡಿಯಲೇಬೇಕು, ತಾನೇ ಸ್ಪಿನ್ ಆಗುತ್ತಾ ಹೋಗುವ ಆಟೋಪ್ಲೇ ಇರಬಾರದು. ಇನ್ನೊಂದು ರೂಲ್ ಇತ್ತು. ಹಾಕಿದ್ದಕ್ಕಿಂತ ಕಡಿಮೆ ವಾಪಸ್ ಬಂದಾಗ ಆಟ ಗೆದ್ದ ಹಾಗೆ ಗಂಟೆ ಬಾರಿಸಿ ದೀಪ ಮಿನುಗಿಸುವಂತಿಲ್ಲ. ಇದನ್ನು ನೆನಪಿಟ್ಟುಕೊಳ್ಳಿ, ಕೆಳಗೆ ಬರುತ್ತೆ. ಇಷ್ಟೆಲ್ಲ ಬಿಗಿ ಇದೆ ಅಂದ್ಮೇಲೆ ಮೋಸ ಇರಲ್ಲ ಅಂದುಕೊಂಡೆ. ಮೋಸ ಇರಲೂ ಇಲ್ಲ. ಮೋಸ ಇಲ್ಲದ ಆಟದಲ್ಲೇ ನಾನು ಸೋತದ್ದು.

ವೊಲಟಿಲಿಟಿ ಅಂದ್ರೆ ಏನು ಅಂತ ನಿಮಗೆ ಅಷ್ಟಿಷ್ಟು ಗೊತ್ತಿದೆ. ಆದರೂ ಒಂದು ಮಾತು. ಆರ್‌ಟಿಪಿ (ರಿಟರ್ನ್ ಟು ಪ್ಲೇಯರ್) 96 ಅಂತ ಬರೆದಿದ್ದರೆ, ಎಲ್ಲರೂ ಸೇರಿ ಹಾಕಿದ ಪ್ರತಿ 100ರಲ್ಲಿ 96 ಬಹಳ ದೀರ್ಘ ಕಾಲದ ಲೆಕ್ಕದಲ್ಲಿ ಆಡುವವರಿಗೆ ವಾಪಸ್ ಬರುತ್ತೆ. ಅದು ಮಲೆನಾಡಿನ ಜಡಿಮಳೆ ಥರ ಸಣ್ಣಗೆ ಬರುತ್ತಾ, ನಮ್ಮ ಕಡೆ ಬೇಸಿಗೆ ಕೊನೆಯಲ್ಲಿ ಒಂದೇ ಏಟಿಗೆ ಸುರಿಯುವ ಗುಡುಗು ಮಳೆ ಥರ ಬರುತ್ತಾ ಅನ್ನೋದು ವೊಲಟಿಲಿಟಿ. ಸ್ಟಾರ್‌ಬರ್ಸ್ಟ್ ಅಂತ ಒಂದು ಹಳೇ ಆಟ ಇದೆ, ಆರ್‌ಟಿಪಿ 96.09. ಬುಕ್ ಆಫ್ ಡೆಡ್ ಅಂತ ಇನ್ನೊಂದು, 96.21. ಎರಡೂ ಹತ್ತಿರ ಹತ್ತಿರ ಒಂದೇ. ಮೊದಲನೆಯದರಲ್ಲಿ ಅತಿ ದೊಡ್ಡ ಗೆಲುವು ಹಾಕಿದ್ದರ 500 ಪಟ್ಟು, ಎರಡನೆಯದರಲ್ಲಿ 5,000 ಪಟ್ಟು. ಆ 5,000 ಪಟ್ಟಿನ ದುಡ್ಡು ಎಲ್ಲಿಂದ ಬರಬೇಕು? ನಿಮ್ಮಂಥವರ, ನನ್ನಂಥವರ ಸಾವಿರಾರು ಖಾಲಿ ಸ್ಪಿನ್‌ಗಳಿಂದ. ಗುಡುಗು ಮಳೆ ಸುರಿಯುವುದು ನಿಜ, ಆದರೆ ಯಾರದೋ ಹೊಲದ ಮೇಲೆ.

ನನ್ನ ಆಟ ಇವೆರಡೂ ಅಲ್ಲ, ಅದರ ಹೆಸರು ಬೇಡ. ಮಾಹಿತಿ ಪುಟದಲ್ಲಿ ಐದು ಮಿಂಚಿನ ಗುರುತಿಗೆ ಮೂರು ತುಂಬಿದ್ದವು. ಅಂದ್ರೆ ಮಧ್ಯಮ. ನಾನು ಟೆಸ್ಟರ್ ಅಲ್ವಾ, ಅವರು ಬರೆದಿದ್ದನ್ನು ನಂಬೋದು ಹೇಗೆ? ಒಂದು ಭಾನುವಾರ ಕೂತು ಡೆಮೊದಲ್ಲಿ ಸ್ಪಿನ್‌ಗೆ 1 ಪೌಂಡ್‌ನಂತೆ 300 ಸ್ಪಿನ್ ಆಡಿ, ಒಂದೊಂದನ್ನೂ ಶೀಟ್‌ನಲ್ಲಿ ಬರೆದೆ. ಮೊದಲ ಕಾಲಂ ಸ್ಪಿನ್ ನಂಬರ್. ಎರಡನೆಯದು ಬಂದ ದುಡ್ಡು. ಸೊನ್ನೆ ಬಂದರೆ ಕೆಂಪು, ಸೊನ್ನೆಗಿಂತ ಜಾಸ್ತಿ ಬಂದರೆ ಹಸಿರು. 93 ಹಸಿರು. ಬೋನಸ್, ಅಂದ್ರೆ ಅಪರೂಪಕ್ಕೆ ಬಂದು ಜಾಸ್ತಿ ಕೊಡುವ ವಿಶೇಷ ಸುತ್ತು, ಎರಡು ಸಲ ಬಿತ್ತು. 300 ಹಾಕಿ 291 ವಾಪಸ್, ಅಂದ್ರೆ 97 ಪರ್ಸೆಂಟ್. ಅವರು ಹೇಳಿದ್ದು 96, ನನಗೆ ಬಂದದ್ದು 97. ಟೆಸ್ಟ್ ಪಾಸ್! ಆಫೀಸಲ್ಲಿ ಯಾವ ಟೆಸ್ಟ್ ಪಾಸಾದಾಗಲೂ ಅಷ್ಟು ಖುಷಿಯಾಗಿರಲಿಲ್ಲ.

ಮೂರಕ್ಕೆ ಒಂದು ಸಲ ಗೆಲುವು, ಬೋನಸ್ ಹೆಚ್ಚುಕಡಿಮೆ 150ಕ್ಕೆ ಒಂದು. ಹಾಗಾದ್ರೆ ಇದು ಸೌಮ್ಯ ಆಟ, 200 ಪೌಂಡ್ ಹಾಕಿದರೆ ರಾತ್ರಿಯೆಲ್ಲ ಕೂರಬಹುದು ಅಂತ ತೀರ್ಮಾನಿಸಿದೆ.

ಮಾರನೇ ರಾತ್ರಿ ನಿಜವಾದ ದುಡ್ಡು ಹಾಕಿದೆ. 240 ಸ್ಪಿನ್ ಆದರೂ ಬೋನಸ್ ಇಲ್ಲ. ಕೈಯಲ್ಲಿ 80 ಪೌಂಡ್ ಉಳಿದಿತ್ತು. ಶೀಟ್ ತೆಗೆದು ನೋಡಿದೆ. 150ಕ್ಕೆ ಒಂದು ಬರಬೇಕಾದ್ದು 240 ಆದರೂ ಬಂದಿಲ್ಲ ಅಂದ್ರೆ ಇನ್ನೇನು ಬಂದೇ ಬರುತ್ತೆ. ಬಂದಾಗ ಕೈತುಂಬ ಬರಲಿ ಅಂತ ಸ್ಪಿನ್‌ಗೆ 2 ಪೌಂಡ್ ಮಾಡಿದೆ. ಇನ್ನೊಂದು 80 ಸ್ಪಿನ್‌ಗೆ ಎಲ್ಲ ಖಾಲಿ. ರಾತ್ರಿಯೆಲ್ಲ ಕೂರೋಣ ಅಂತ ಫ್ಲಾಸ್ಕ್‌ನಲ್ಲಿ ಟೀ ತುಂಬಿಟ್ಟುಕೊಂಡಿದ್ದೆ. ಅದಿನ್ನೂ ಬಿಸಿ ಇತ್ತು. ಅರ್ಧ ಗಂಟೆಯೂ ಆಗಿರಲಿಲ್ಲ.

ಈಗ ನಾನು ಮಾಡಿದ ತಪ್ಪಿನ ಬಗ್ಗೆ ಸ್ವಲ್ಪ ಉದ್ದಕ್ಕೆ ಹೇಳುತ್ತೇನೆ, ಬೇಜಾರಾದರೂ ಓದಿ. ನೀವು ಮಾಡುತ್ತಿರುವುದೂ ಇದನ್ನೇ.

ಬೋನಸ್ ನಿಜಕ್ಕೂ ಸರಾಸರಿ 200 ಸ್ಪಿನ್‌ಗೆ ಒಂದು ಬರುತ್ತೆ ಅಂತ ಸುಮ್ನೆ ಲೆಕ್ಕಕ್ಕೆ ಇಟ್ಟುಕೊಳ್ಳಿ. ನನ್ನ ಹಾಗೆ 100 ಜನ ಡೆಮೊದಲ್ಲಿ ತಲಾ 300 ಸ್ಪಿನ್ ಆಡಿದರು ಅನ್ನಿ. ಅವರಲ್ಲಿ ಸುಮಾರು 22 ಜನಕ್ಕೆ ಒಂದೂ ಬೋನಸ್ ಬೀಳಲ್ಲ. ಸುಮಾರು 44 ಜನಕ್ಕೆ ಎರಡು ಅಥವಾ ಅದಕ್ಕಿಂತ ಜಾಸ್ತಿ ಬೀಳುತ್ತೆ. ಆ 22 ಜನ 'ಇದು ಸತ್ತ ಆಟ' ಅಂತಾರೆ. ಈ 44 ಜನ 'ಇದು ಕೊಡೋ ಆಟ' ಅಂತಾರೆ. ಇಬ್ಬರೂ ಆಡಿದ್ದು ಒಂದೇ ಆಟ! ನಾನು ಆ 44ರಲ್ಲಿ ಒಬ್ಬ. ನನ್ನ ಶೀಟ್ ಅಳೆದದ್ದು ಆಟವನ್ನಲ್ಲ, ಆ ಭಾನುವಾರದ ನನ್ನ ಅದೃಷ್ಟವನ್ನು.

ಇನ್ನೂ ಇದೆ. 291ರಲ್ಲಿ 140 ಬಂದದ್ದು ಆ ಎರಡು ಬೋನಸ್‌ನಿಂದ. ಅವೆರಡನ್ನು ತೆಗೆದರೆ 300ಕ್ಕೆ ಉಳಿಯುವುದು 151, ಅರ್ಧದಷ್ಟು. ಒಂದು ಆಟದ ಗೆಲುವಿನಲ್ಲಿ ಹೆಚ್ಚುಕಡಿಮೆ ಅರ್ಧ ಪಾಲು ಎರಡೇ ಸ್ಪಿನ್‌ನಿಂದ ಬಂದಿದೆ ಅಂದರೆ ಅದು ಸೌಮ್ಯ ಆಟ ಆಗೋಕೆ ಸಾಧ್ಯವೇ ಇಲ್ಲ. ಉತ್ತರ ನನ್ನ ಶೀಟ್‌ನಲ್ಲೇ ಇತ್ತು. ನಾನು ಬಣ್ಣ ಎಣಿಸುತ್ತಾ ಕೂತಿದ್ದೆ. ಎಷ್ಟು ಸಲ ಬಂತು ಅನ್ನೋದು ಬೇರೆ, ಎಷ್ಟು ಬಂತು ಅನ್ನೋದು ಬೇರೆ. ಮೊದಲನೆಯದನ್ನು ಹಿಟ್ ಫ್ರೀಕ್ವೆನ್ಸಿ ಅಂತಾರೆ. ನಾನು ಅದನ್ನು ಅಳೆದು ವೊಲಟಿಲಿಟಿ ಅಂತ ಹೆಸರಿಟ್ಟೆ.

'ಇನ್ನೇನು ಬಂದೇ ಬರುತ್ತೆ' ಅನ್ನೋದು ಅದರ ಬಾಲ. ಪ್ರತಿ ಸ್ಪಿನ್‌ಗೂ ಹೊಸ ರ್‍ಯಾಂಡಮ್ ನಂಬರ್ ಹುಟ್ಟುತ್ತೆ. ಹಿಂದಿನ 240 ಸ್ಪಿನ್ ಅದಕ್ಕೆ ನೆನಪಿಲ್ಲ, ನನಗೆ ನೆನಪಿದೆ ಅಷ್ಟೇ. 200ಕ್ಕೆ ಒಂದರ ಲೆಕ್ಕದಲ್ಲಿ 320 ಸ್ಪಿನ್ ಪೂರ್ತಿ ಬೋನಸ್ ಇಲ್ಲದೆ ಹೋಗುವುದು ಐದು ಜನರಲ್ಲಿ ಒಬ್ಬರಿಗೆ ಆಗುವ ಸಂಗತಿ. ನಾನು ಮಾತ್ರ ಅದನ್ನು ಶನಿಕಾಟ ಅಂದುಕೊಂಡು, ಕಳೆದದ್ದನ್ನು ವಾಪಸ್ ತರಲು ಮಾರನೇ ದಿನ ಮತ್ತೆ ಕೂತೆ. ಫೆಬ್ರವರಿ ಹೊತ್ತಿಗೆ 3,400 ಪೌಂಡ್ ಹೋಗಿತ್ತು. ಮೂರು ಲಕ್ಷ ರೂಪಾಯಿಯ ಮೇಲೆ.

ಹೆಂಡತಿ, ಮಗಳು ಬಂದರು. ಅದೇ ಒಂದು ರೂಮು. 'ಒಳ್ಳೇ ಮನೆ ಸಿಕ್ತಿಲ್ಲ' ಅಂದಿದ್ದೆ. ಒಂದು ದಿನ ಮಗಳ ಸ್ಕೂಲ್ ಫಾರ್ಮ್ ಪ್ರಿಂಟ್ ಮಾಡೋಕೆ ಲ್ಯಾಪ್‌ಟಾಪ್ ತೆಗೆದವಳು ಶೀಟ್ ನೋಡಿದಳು. ನಾನು ಬಾಯಿಬಿಟ್ಟು ಎಲ್ಲ ಹೇಳಬೇಕಾಯಿತು. ಕೂಗಾಡುತ್ತಾಳೆ ಅಂದುಕೊಂಡಿದ್ದೆ. ಅವಳು ಸುಮಾರು ಹೊತ್ತು ಸ್ಕ್ರೋಲ್ ಮಾಡಿ, ಒಂದು ಹಸಿರು ಸಾಲಿನ ಮೇಲೆ ಬೆರಳಿಟ್ಟಳು. 0.30 ಅಂತಿತ್ತು.

'ರೀ, ಇದಕ್ಕೆ ನೀವು ಹಾಕಿದ್ದೆಷ್ಟು?'

'ಒಂದು ಪೌಂಡ್.'

'ಮತ್ತೆ ಹಸಿರು ಯಾಕೆ?'

ಉತ್ತರ ಇರಲಿಲ್ಲ. ಆ ರಾತ್ರಿ ಮತ್ತೆ ಎಣಿಸಿದೆ. 93 ಹಸಿರಿನಲ್ಲಿ 61 ಒಂದು ಪೌಂಡ್‌ಗಿಂತ ಕಡಿಮೆ. ನಿಜವಾಗಿ ಗೆದ್ದದ್ದು 32, ಒಂಬತ್ತಕ್ಕೆ ಒಂದು. ಮೇಲೆ ಹೇಳಿದ ಆ ರೂಲ್ ನೆನಪಿದೆಯಾ? ಸೋತಾಗ ಗೆದ್ದ ಹಾಗೆ ಗಂಟೆ ಬಾರಿಸಬಾರದು ಅಂತ ಅಲ್ಲಿನ ಗ್ಯಾಂಬ್ಲಿಂಗ್ ಕಮಿಷನ್ ಮಷಿನ್ ಬಾಯಿಗೆ ಬೀಗ ಹಾಕಿತ್ತು. ಆ ಗಂಟೆಯನ್ನು ನಾನೇ ಎಕ್ಸೆಲ್‌ನಲ್ಲಿ ಹಸಿರು ಬಣ್ಣ ಬಳಿದು ಬಾರಿಸಿಕೊಂಡಿದ್ದೆ.

ಅವಳೇ ಪಕ್ಕದಲ್ಲಿ ಕೂತು ಗ್ಯಾಮ್‌ಸ್ಟಾಪ್‌ನಲ್ಲಿ ನನ್ನ ಹೆಸರು ಹಾಕಿಸಿದಳು. ಅದು ಉಚಿತ. ಒಮ್ಮೆ ಹಾಕಿದರೆ ಬ್ರಿಟನ್ನಿನ ಲೈಸೆನ್ಸ್ ಇರುವ ಯಾವ ಆನ್‌ಲೈನ್ ಸೈಟೂ ನಿಮ್ಮನ್ನು ಒಳಗೆ ಬಿಡಬಾರದು. ಆರು ತಿಂಗಳು, ಒಂದು ವರ್ಷ, ಐದು ವರ್ಷ ಅಂತ ಆಯ್ಕೆ ಇತ್ತು. ನಾನು ಒಂದು ವರ್ಷದ ಮೇಲೆ ಕ್ಲಿಕ್ ಮಾಡೋಕೆ ಹೋದೆ. ಅವಳು ಮೌಸ್ ಕಿತ್ತುಕೊಂಡಳು.

ಈಗ ನಿಮ್ಮ ಪ್ರಶ್ನೆ. ವೊಲಟಿಲಿಟಿ ಮೊದಲೇ ತಿಳಿಯಬಹುದಾ? ಒಂದು ಮಟ್ಟಿಗೆ ತಿಳಿಯಬಹುದು, ಆಡದೇ. ಆಟ ಮಾಡಿದ ಕಂಪನಿಯ ಮಾಹಿತಿ ಪುಟ ನೋಡಿ, ಅತಿ ದೊಡ್ಡ ಗೆಲುವು ಎಷ್ಟು ಪಟ್ಟು ನೋಡಿ. ಪೇಟೇಬಲ್‌ನಲ್ಲಿ, ಅಂದ್ರೆ ಯಾವ ಚಿತ್ರಕ್ಕೆ ಎಷ್ಟು ಅನ್ನೋ ಪಟ್ಟಿಯಲ್ಲಿ, ಮೇಲಿನ ಒಂದು ಚಿತ್ರಕ್ಕೆ ಮಾತ್ರ ಸಿಕ್ಕಾಪಟ್ಟೆ ಇದ್ದು ಉಳಿದದ್ದಕ್ಕೆ ಚಿಲ್ಲರೆ ಇದ್ದರೆ ಅದು ಗುಡುಗು ಮಳೆ. ಡೆಮೊದ 200 ಸ್ಪಿನ್‌ಗಿಂತ ಈ ಎರಡು ನಿಮಿಷದ ಓದು ವಾಸಿ.

ಆದರೆ ತಿಳಿದು ಏನು ಮಾಡ್ತೀರಿ? ಇಲ್ಲೇ ನನಗೆ ನಿಮ್ಮ ಪ್ರಶ್ನೆ ಒಪ್ಪಿಗೆ ಇಲ್ಲ. ಸ್ಪಿನ್‌ಗೆ 10 ರೂಪಾಯಿ, ಗಂಟೆಗೆ 600 ಸ್ಪಿನ್. ಗಂಟೆಗೆ 6,000 ಹಾಕಿದ ಹಾಗಾಯಿತು. 96 ಆರ್‌ಟಿಪಿಯಲ್ಲಿ ಸರಾಸರಿ 240 ರೂಪಾಯಿ ಹೋಗುತ್ತೆ. ಕಡಿಮೆ ವೊಲಟಿಲಿಟಿ ಆದರೂ 240, ಜಾಸ್ತಿ ಆದರೂ 240. ವೊಲಟಿಲಿಟಿ ಹೇಳೋದು ಆ 240ರ ಸುತ್ತ ಎಷ್ಟು ಏರಿಳಿತ ಅಂತ ಮಾತ್ರ. ಮುಳುಗುವ ಆಳ ಅದೇ, ಈಜಾಡಿಸುವ ರೀತಿ ಬೇರೆ. ಕಡಿಮೆ ವೊಲಟಿಲಿಟಿ 'ಸೇಫ್' ಅನ್ನೋದು ನನ್ನ ಪ್ರಕಾರ ಅತಿ ಕೆಟ್ಟ ನಂಬಿಕೆ. ಜನವರಿಯಲ್ಲಿ ನಾನೂ ಅಂಥದ್ದೇ ಒಂದು ಆಟಕ್ಕೆ ಬದಲಾಯಿಸಿದ್ದೆ. ದುಡ್ಡು ಬೇಗ ಖಾಲಿಯಾಗುತ್ತಿರಲಿಲ್ಲ, ಅದಕ್ಕೇ ಎದ್ದೇಳುತ್ತಿರಲಿಲ್ಲ. ಅದೇ 200 ಪೌಂಡ್ ತಿರುಗಿ ತಿರುಗಿ 2,000 ಪೌಂಡ್‌ನ ಸ್ಪಿನ್ ಆಗುತ್ತಿತ್ತು. 4 ಪರ್ಸೆಂಟ್ ಕೊಯ್ಯೋದು ಆ 2,000ದ ಮೇಲೆ.

ಇದೆಲ್ಲ ಲೈಸೆನ್ಸ್, ತಪಾಸಣೆ ಇರುವ ಜಾಗದ ಕತೆ. ನಿಮಗೆ ಆಟದ ಲಿಂಕ್ ಬಂದಿರೋದು ವಾಟ್ಸಾಪ್ ಗ್ರೂಪಿನಲ್ಲಿ ಅಂತ ನೀವೇ ಬರೆದಿದ್ದೀರಿ. ಅಲ್ಲಿ ತೋರಿಸುವ 96 ಅನ್ನು ಪರೀಕ್ಷೆ ಮಾಡಿದವರು ಯಾರು? ಡೆಮೊ ಮತ್ತು ದುಡ್ಡಿನ ಆಟ ಎರಡೂ ಒಂದೇ ಅಂತ ಹೇಳಿದವರು ಯಾರು? ಒಂದೇ ಆಟವನ್ನು ಬೇರೆ ಬೇರೆ ಆರ್‌ಟಿಪಿಯಲ್ಲಿ ಸೈಟ್‌ಗಳಿಗೆ ಕೊಡುವ ಪದ್ಧತಿ ದೊಡ್ಡ ಕಂಪನಿಗಳಲ್ಲೇ ಇದೆ. ಇನ್ನು ಹೆಸರು, ವಿಳಾಸ ಇಲ್ಲದವರ ಮಾತು ಬಿಡಿ. ನಮ್ಮೂರಲ್ಲಿ ಓಸಿ ಪಟ್ಟಿ ಬರೆಯುವವನ ಮನೆಯಾದರೂ ಎಲ್ಲರಿಗೂ ಗೊತ್ತಿರುತ್ತಿತ್ತು.

ಅದೂ ಅಲ್ಲದೆ 2025ರ ಆಗಸ್ಟ್‌ನಲ್ಲಿ ನಮ್ಮ ಸಂಸತ್ತು ದುಡ್ಡಿಟ್ಟು ಆಡುವ ಆನ್‌ಲೈನ್ ಆಟಗಳನ್ನು ನಿಷೇಧಿಸುವ ಕಾಯ್ದೆ ಪಾಸ್ ಮಾಡಿದೆ. ಶಿಕ್ಷೆ ಇರೋದು ಆಡಿಸುವವರಿಗೆ, ಜಾಹೀರಾತು ಮಾಡುವವರಿಗೆ. ನೀವು ಜೈಲಿಗೆ ಹೋಗ್ತೀರಿ ಅಂತ ಹೆದರಿಸುತ್ತಿಲ್ಲ. ನಾಳೆ ಗೆದ್ದ ದುಡ್ಡು ಕೊಡದೇ ಹೋದರೆ ಯಾರ ಹತ್ತಿರ ದೂರು ಹೇಳ್ತೀರಿ ಅಂತ ಕೇಳುತ್ತಿದ್ದೇನೆ.

20,000 ಬಗ್ಗೆ 'ಹೋದ ತಿಂಗಳು ಹೋದದ್ದನ್ನು ವಾಪಸ್ ತೆಗೀಬೇಕು' ಅಂತಲೂ ಬರೆದಿದ್ದೀರಿ. ಈ ಪ್ರಶ್ನೆಯಲ್ಲಿ ನನಗೆ ಭಯ ಹುಟ್ಟಿಸಿದ್ದು ಆ ಸಾಲು. ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ ನಂಬರ್ 14416, ಕನ್ನಡದಲ್ಲೇ ಮಾತಾಡಬಹುದು, ದುಡ್ಡು ಕೊಡಬೇಕಿಲ್ಲ. ಬೆಂಗಳೂರಿನ ಹತ್ತಿರದವರಾದರೆ ನಿಮ್ಹಾನ್ಸ್‌ನಲ್ಲಿ ಮೊಬೈಲ್, ಗೇಮ್ ಗೀಳಿಗೆ ಅಂತಲೇ ಶಟ್ ಕ್ಲಿನಿಕ್ ಇದೆ. ಊರಿಗೆ ವಾಪಸ್ ಬಂದ ಮೇಲೆ ಸ್ನೇಹಿತನೊಬ್ಬ ಇಂಥದ್ದೇ ಒಂದು ಲಿಂಕ್ ಕಳಿಸಿದ. ಗ್ಯಾಮ್‌ಸ್ಟಾಪ್ ಇಲ್ಲಿ ಕೆಲಸಕ್ಕೆ ಬರಲ್ಲ. ಆ ಮೆಸೇಜ್ ಡಿಲೀಟ್ ಮಾಡೋಕೆ ನನಗೆ ಎರಡು ದಿನ ಹಿಡಿಯಿತು.

ನೀವು ದುಡ್ಡು ಹಾಕುವ ಮೊದಲು ಒಂದು ಕೆಲಸ ಮಾಡಿ. ಆ 70 ಗೆಲುವಿನ ಪಟ್ಟಿ ಇದ್ದರೆ ತೆಗೆಯಿರಿ. ಅದರಲ್ಲಿ ಹಾಕಿದ್ದಕ್ಕಿಂತ ಜಾಸ್ತಿ ಬಂದದ್ದು ಎಷ್ಟು ಅಂತ ಎಣಿಸಿ ಇಲ್ಲೇ ಕೆಳಗೆ ಬರೆಯಿರಿ, ನೋಡ್ತೀನಿ.