ಹಳೆಯ ಸಿಂಥ್ ಪ್ಲಗಿನ್ ಎಸೆಯಬೇಕಾ, ಇಟ್ಟುಕೊಳ್ಳಬೇಕಾ?

ಪ್ರಶ್ನೆ: ನನ್ನ ಹಳೆಯ ಪ್ರಾಜೆಕ್ಟ್‌ಗಳ ತುಂಬ 32-ಬಿಟ್ ಸಿಂಥ್ ಪ್ಲಗಿನ್‌ಗಳೇ (ಹಾಡು ಕಟ್ಟುವ ಸಾಫ್ಟ್‌ವೇರ್‌ಗೆ ಸೇರಿಸಿಕೊಳ್ಳುವ, ಹಳೆಯ ಮಾದರಿಯ ವಾದ್ಯದ ಪ್ರೋಗ್ರಾಂಗಳು) ಇವೆ. ಹೊಸ ಕಂಪ್ಯೂಟರ್‌ನಲ್ಲಿ ಎಷ್ಟೋ ತೆರೆಯುವುದೇ ಇಲ್ಲ. ಬಿಟ್ಟು ಹೊಸದು ಕೊಳ್ಳಲೇ? ಹಳೆಯವುಗಳ ಸದ್ದೇ ಬೇರೆ ಅಂತಾರಲ್ಲ, ನಿಜವೇ?

ಉತ್ತರ: ಸದ್ದು ಬೇರೆ ಅನ್ನೋದು ನಿಜ, ಆದರೆ ಜನ ಹೇಳುವ ಕಾರಣಕ್ಕಲ್ಲ. 1999ರಲ್ಲಿ ಸ್ಟೈನ್‌ಬರ್ಗ್ ಕಂಪನಿಯ ವಿಎಸ್‌ಟಿ 2 ಅನ್ನೋ ಪ್ಲಗಿನ್ ಮಾದರಿ ಬಂದ ಮೇಲೆ ಪ್ಲಗಿನ್‌ಗಳನ್ನು ಮಿಡಿ (ಯಾವ ಸ್ವರ, ಯಾವಾಗ ಅಂತ ತಿಳಿಸುವ ಸಂಕೇತ) ಮೂಲಕ ವಾದ್ಯದ ಹಾಗೆ ನುಡಿಸಲು ಸಾಧ್ಯವಾಯಿತು. ಆಗಿನ ಪ್ರೊಸೆಸರ್‌ಗಳಿಗೆ ಶಕ್ತಿ ಕಡಿಮೆ, ಹಾಗಾಗಿ ಕೋಡ್ ಬರೆದವರು ಲೆಕ್ಕದಲ್ಲಿ ಸಾಧ್ಯವಾದಲ್ಲೆಲ್ಲ ಉಳಿತಾಯ ಮಾಡಿದರು. ಅದರಿಂದ ಬಂದದ್ದೇ ಏಲಿಯಾಸಿಂಗ್: ಸ್ಯಾಂಪಲ್ ರೇಟಿನ (ಸೆಕೆಂಡಿಗೆ ಸದ್ದನ್ನು ಎಷ್ಟು ಸಲ ಅಳೆಯುತ್ತದೆ ಅನ್ನೋದರ) ಅರ್ಧವನ್ನು ದಾಟಿದ ಹಾರ್ಮೋನಿಕ್‌ಗಳು (ಸ್ವರದ ಜೊತೆ ಮೂಡುವ ಮೇಲಿನ ಕಂಪನಗಳು) ಮಡಚಿಕೊಂಡು ಕೆಳಗೆ ಬಂದು, ನೀವು ನುಡಿಸಿದ ಸ್ವರಕ್ಕೆ ಸಂಬಂಧವೇ ಇಲ್ಲದ ಸದ್ದಾಗಿ ಕೇಳಿಸುತ್ತವೆ. ಮೇಲಿನ ಸ್ವರಗಳಲ್ಲಿ ಇದು ಜಾಸ್ತಿ. ಮುಖ್ಯ ರಾಗ ನುಡಿಸುವ ಲೀಡ್‌ಗೆ ಆ ಒರಟುತನ ಚೆನ್ನಾಗಿ ಒಪ್ಪುತ್ತದೆ, ಹಿನ್ನೆಲೆಯ ಮೆತ್ತನೆಯ ಪ್ಯಾಡ್‌ಗೆ ಬರೀ ಕಿರಿಕಿರಿ. ಇದನ್ನೇ 'ಅನಲಾಗ್ ಗುಣ' ಅಂತ ಹೊಗಳುವವರಿದ್ದಾರೆ, ಸುಮ್ನೆ ನಕ್ಕು ಬಿಡಿ. ಇದು ಅಪ್ಪಟ ಡಿಜಿಟಲ್.

ನಿಜವಾದ ತಲೆನೋವು ತೆರೆಯುವುದರದ್ದು. 2019ರ ಮ್ಯಾಕ್‌ಓಎಸ್ ಕ್ಯಾಟಲಿನಾದಿಂದ ಆಚೆಗೆ 32-ಬಿಟ್ ಯಾವುದೂ ನಡೆಯುವುದಿಲ್ಲ. ವಿಂಡೋಸ್ ಆದರೆ ಹಾಡು ಕಟ್ಟುವ ಸಾಫ್ಟ್‌ವೇರ್ ರೀಪರ್ ತಾನೇ ಸೇತುವೆ ಕಟ್ಟಿ ತೆರೆಯುತ್ತದೆ, ಬೇರೆ ಸಾಫ್ಟ್‌ವೇರ್‌ಗೆ ಅದೇ ಕೆಲಸ ಮಾಡುವ ಜೆಬ್ರಿಡ್ಜ್ ಇದೆ. ಇವು ಆಗಾಗ ಕ್ರ್ಯಾಶ್ ಆಗುತ್ತವೆ, ಆದರೂ ಒಮ್ಮೆ ತೆರೆದರೆ ಸಾಕು. ತೆರೆದ ತಕ್ಷಣ ಪ್ರತಿ ಟ್ರ್ಯಾಕನ್ನೂ ಎಫೆಕ್ಟ್ ಇಲ್ಲದೆ ಒಂದು, ಇದ್ದು ಒಂದು ವೇವ್ ಫೈಲ್ ಮಾಡಿಕೊಳ್ಳಿ, ಮಿಡಿಯನ್ನೂ ಬೇರೆಯಾಗಿ ಉಳಿಸಿ, ಪ್ಲಗಿನ್‌ನ ಪರದೆಯ ಚಿತ್ರವನ್ನೂ ತೆಗೆದಿಡಿ, ಏಕೆಂದರೆ ನಾಳೆ ಅದೇ ಸದ್ದನ್ನು ಬೇರೆ ಸಿಂಥ್‌ನಲ್ಲಿ ಕಟ್ಟಬೇಕಾದರೆ ಗುಂಡಿಗಳು ಎಲ್ಲಿದ್ದವು ಅನ್ನೋದೇ ಆಧಾರ.

ಹೊಸದು ಕೊಳ್ಳುವ ಅವಸರ ಬೇಡ. ನಾರ್ಡ್ ಲೀಡ್ 2 ಅನ್ನೋ ಕೀಬೋರ್ಡ್ ಸಿಂಥ್‌ನ ಮಾದರಿಯ ಪ್ಲಗಿನ್ ಸಿಂಥ್1 ಉಚಿತ, 64-ಬಿಟ್‌ನಲ್ಲೂ ಸಿಗುತ್ತದೆ. ಯಮಹಾದ ಡಿಎಕ್ಸ್7 ಸಿಂಥ್‌ನ ಸದ್ದುಗಳನ್ನು ಉಳಿಸಿಟ್ಟ ಹಳೆಯ ಸಿಸೆಕ್ಸ್ ಫೈಲ್‌ಗಳಿದ್ದರೆ ಡೆಕ್ಸ್ಡ್ ಅನ್ನೋ ಪ್ಲಗಿನ್ ಅವನ್ನು ನೇರವಾಗಿ ಓದುತ್ತದೆ. ಸರ್ಜ್ ಅಂತೂ ಹಿಂದೆ ದುಡ್ಡು ಕೊಟ್ಟು ಕೊಳ್ಳಬೇಕಿದ್ದ ಸಿಂಥ್. 2018ರಲ್ಲಿ ಅದನ್ನು ಮಾಡಿದವರೇ ಓಪನ್ ಸೋರ್ಸ್ ಮಾಡಿದರು, ಈಗ ಸರ್ಜ್ ಎಕ್ಸ್‌ಟಿ ಆಗಿ ಬೆಳೆದಿದೆ. ಹಳೆಯ ಪ್ಲಗಿನ್‌ಗಳಿಗೆ ಇದಕ್ಕಿಂತ ಒಳ್ಳೆಯ ಗತಿ ಇನ್ನೇನಿದೆ ಹೇಳಿ!

ವೇವ್ ಮಾಡುವಾಗ ಹಾಡಿನ ಸ್ಯಾಂಪಲ್ ರೇಟ್ 44.1 ಕಿಲೋಹರ್ಟ್ಸ್‌ನಲ್ಲಿದ್ದರೆ ಅಲ್ಲೇ ಇರಲಿ. 96ಕ್ಕೆ ಏರಿಸಿದರೆ ಏಲಿಯಾಸಿಂಗ್ ಬದಲಾಗಿ, ನಿಮಗೆ ಇಷ್ಟವಾಗಿದ್ದ ಆ ಒರಟುತನವೇ ಹೋಗಿಬಿಡಬಹುದು.