ಐತಿಹಾಸಿಕ ಡಾಕ್ಯುಮೆಂಟರಿ ಎಡಿಟರ್ ಆಗಿ ಬದುಕೋಕಾಗತ್ತಾ?

ಪ್ರಶ್ನೆ: ಮೇಡಂ, ಎಡಿಟಿಂಗ್ ಕೋರ್ಸ್ ಮುಗ್ಸಿ ಈಗ ಜಾಹೀರಾತು ವಿಡಿಯೋ ಎಡಿಟ್ ಮಾಡ್ತಿದೀನಿ. ಇತಿಹಾಸ ಅಂದ್ರೆ ಪ್ರಾಣ. ಬರೀ ಐತಿಹಾಸಿಕ ಡಾಕ್ಯುಮೆಂಟರಿಗೇ ಎಡಿಟರ್ ಆಗಿ ಬದುಕೋಕಾಗತ್ತಾ? ಡೈರೆಕ್ಟರ್ ಹೇಳಿದ್ದನ್ನ ಜೋಡ್ಸೋದು ತಾನೇ ಅಂತಾರೆ ಗೆಳೆಯರು. ಯಾವ ಸಾಫ್ಟ್‌ವೇರ್ ಕಲೀಲಿ?

ಉತ್ತರ: ಜೋಡ್ಸೋದು ತಾನೇ ಅಂದವ್ರಿಗೆ ಎಸ್ಫಿರ್ ಶುಬ್ ಬಗ್ಗೆ ಹೇಳಿ. ಸೋವಿಯತ್ ಎಡಿಟರ್ ಅವ್ರು, 1927ರಲ್ಲಿ ರಷ್ಯಾ ಆಳಿದ ರೊಮಾನೊವ್ ರಾಜವಂಶದ ಪತನದ ಮೇಲೆ ಒಂದಿಡೀ ಸಿನಿಮಾನ ಹಳೇ ನ್ಯೂಸ್‌ರೀಲು (ಥಿಯೇಟರಲ್ಲಿ ತೋರಿಸ್ತಿದ್ದ ಸುದ್ದಿ ಚಿತ್ರ), ತ್ಸಾರ್ ಅಂದ್ರೆ ರಷ್ಯಾದ ದೊರೆ ಮನೆಯವ್ರ ಖಾಸಗಿ ಫಿಲ್ಮು ಇಂಥವನ್ನೇ ಹುಡುಕಿ ಹುಡುಕಿ ಕಟ್ಟಿದ್ರು. ಶ್ರೀಮಂತರು ಹಡಗಿನ ಮೇಲೆ ಕುಣಿಯೋ ಶಾಟ್ ಪಕ್ಕ ಮಣ್ಣು ಅಗೀತಿರೋ ಬಡವರ ಶಾಟ್ ಇಟ್ರು ಅಷ್ಟೇ, ಮೋಜಿಗೆ ತೆಗೆದಿದ್ದ ಚಿತ್ರ ಆರೋಪಪಟ್ಟಿ ಆಗ್ಬಿಡ್ತು. ಡಾಕ್ಯುಮೆಂಟರೀಲಿ ಎಷ್ಟೋ ಸಲ ಸ್ಕ್ರಿಪ್ಟ್ ಹುಟ್ಟೋದೇ ಎಡಿಟಿಂಗ್ ರೂಮಲ್ಲಿ.

ಆದ್ರೆ ಇದೇ ಶಕ್ತಿಗೆ ಹೆದರಬೇಕು ಕೂಡ. ಮೊದಲ ಮಹಾಯುದ್ಧದ ಬಗ್ಗೆ 1916ರಲ್ಲಿ ಬಂದ ಬ್ರಿಟಿಷ್ ಡಾಕ್ಯುಮೆಂಟರಿ 'ದಿ ಬ್ಯಾಟಲ್ ಆಫ್ ದಿ ಸೋಮ್' ಚಿತ್ರದಲ್ಲಿ ಸೈನಿಕರು ಕಂದಕ ಹತ್ತಿ ದಾಳಿಗೆ ಹೋಗೋ ಪ್ರಸಿದ್ಧ ದೃಶ್ಯ ಇದ್ಯಲ್ಲ, ಅದನ್ನ ಯುದ್ಧಭೂಮಿಯಿಂದ ದೂರ ತರಬೇತಿ ಜಾಗದಲ್ಲಿ ನಟನೆ ಮಾಡ್ಸಿ ತೆಗೆದಿದ್ದು. ಆಮೇಲೆ ಎಷ್ಟೋ ಜನ ಅದನ್ನ ನಿಜವಾದ ದಾಳಿ ಅಂತ್ಲೇ ಬಳಸಿದಾರೆ. ಒಂದು ಶಾಟ್ ಕೈಗೆ ಬಂದಾಗ ಯಾರು ತೆಗೆದ್ರು, ಯಾವಾಗ, ಯಾರ ದುಡ್ಡಲ್ಲಿ ಅಂತ ಕೇಳದೇ ಟೈಮ್‌ಲೈನ್‌ಗೆ ಹಾಕೋ ಎಡಿಟರ್ ಈ ಕೆಲಸಕ್ಕೆ ಬರಬಾರ್ದು ಅನ್ನೋದು ನನ್ನ ಖಡಕ್ ಅಭಿಪ್ರಾಯ. ಯಾವ್ದೋ ಊರಿನ ಬಾಂಬ್ ದಾಳಿಗೆ ಇನ್ಯಾವ್ದೋ ಊರಿನ ಹೊಗೆ ತೋರ್ಸಿದ್ರೆ ಅಲ್ಲಿ ಸತ್ತವರಿಗೂ ಇಲ್ಲಿ ಸತ್ತವರಿಗೂ ಅನ್ಯಾಯ.

ಸ್ಪೀಡ್ ವಿಷಯನೂ ಹಾಗೇ. ಮೂಕಿ ಕಾಲದ ಕ್ಯಾಮೆರಾ ಕೈಲಿ ತಿರುಗ್ಸೋದು, ಸೆಕೆಂಡಿಗೆ 16 ಫ್ರೇಮ್ ಆಸುಪಾಸು ಇರೋದು, ಅದನ್ನ ಹಾಗೇ ಈಗಿನ ಸಿನಿಮಾದ 24 ಫ್ರೇಮ್ ವೇಗದಲ್ಲಿ ಓಡ್ಸಿದ್ರೆ ಶವಯಾತ್ರೆಯ ಜನ ಕೂಡ ತಮಾಷೆಯಾಗಿ ಕಾಣ್ತಾರೆ, ಸರಿ ಮಾಡಿದ್ರೆ ಅವ್ರು ಮತ್ತೆ ಮನುಷ್ಯರಾಗ್ತಾರೆ. ಇನ್ನು 1890ರ ದಶಕಕ್ಕಿಂತ ಹಿಂದಿನ ಕಥೆ ಅಂದ್ರೆ ಫಿಲ್ಮ್ ಹೆಚ್ಚುಕಮ್ಮಿ ಇರೋದೇ ಇಲ್ಲ, ಫೋಟೋ, ಚಿತ್ರ, ಪತ್ರ, ನಕ್ಷೆ, ಇವತ್ತಿನ ಖಾಲಿ ಜಾಗ, ಇಷ್ಟರಲ್ಲೇ ಕಟ್ಟಬೇಕು. ಒಂದು ಫೋಟೋದಲ್ಲಿರೋ ಮುಖದ ಮೇಲೆ ಎಷ್ಟು ಹೊತ್ತು ನಿಲ್ಬೇಕು ಅನ್ನೋದು ವರ್ಷಗಟ್ಟಲೆ ಕೂತ ಮೇಲೇ ಕೈಗೆ ಹತ್ತೋದು.

ಬದುಕೋಕಾಗತ್ತಾ? ಆಗತ್ತೆ, ಆದ್ರೆ ಶುರುವಿನ ವರ್ಷಗಳಲ್ಲಿ ಬರೀ ಇದ್ರಿಂದಲೇ ಕಷ್ಟ, ಹೆಚ್ಚಿನದು ಫ್ರೀಲಾನ್ಸ್, ಒಂದು ಪ್ರಾಜೆಕ್ಟ್ ಮುಗಿದ್ರೆ ಮುಂದಿನದು ಯಾವಾಗ ಅಂತ ಗೊತ್ತಿರಲ್ಲ, ಹಾಗಾಗಿ ಜಾಹೀರಾತು ಕೆಲಸ ಈಗ್ಲೇ ಬಿಡ್ಬೇಡಿ. ಅಸಿಸ್ಟೆಂಟ್ ಎಡಿಟರ್ ಆಗಿ ಸೇರ್ಕೊಳ್ಳಿ. ಆರ್ಕೈವ್‌ನವ್ರು (ಹಳೇ ಫಿಲ್ಮ್ ಸಂಗ್ರಹಿಸಿಟ್ಟಿರೋರು) ಮೊದ್ಲು ವಾಟರ್‌ಮಾರ್ಕ್, ಟೈಮ್‌ಕೋಡ್ (ಪ್ರತಿ ಫ್ರೇಮಿನ ಸಮಯದ ಗುರುತು) ಇರೋ ಕಮ್ಮಿ ಕ್ವಾಲಿಟಿ ಕಾಪಿ ಕೊಡ್ತಾರೆ, ಫೈನಲ್ ಕಟ್ ಆದ್ಮೇಲೆ ಸಾಮಾನ್ಯವಾಗಿ ಬಳಸಿದಷ್ಟು ಸೆಕೆಂಡಿಗೋ ನಿಮಿಷಕ್ಕೋ ದುಡ್ಡು ಕಟ್ಟಿ ಮಾಸ್ಟರ್, ಅಂದ್ರೆ ಒಳ್ಳೇ ಕ್ವಾಲಿಟಿ ಕಾಪಿ ತರಿಸ್ಬೇಕು, ಆಗ ಯಾವ ಶಾಟ್ ಎಲ್ಲಿಂದ ಬಂತು ಅನ್ನೋ ಲಾಗ್ ಅಚ್ಚುಕಟ್ಟಾಗಿ ಇಟ್ಟಿರೋ ಅಸಿಸ್ಟೆಂಟ್‌ಗೆ ಮುಂದಿನ ಪ್ರಾಜೆಕ್ಟ್ ಗ್ಯಾರಂಟಿ ಸಿಗತ್ತೆ.

ತೋರ್ಸೋಕೆ ಕೆಲಸ ಇಲ್ಲ ಅಂತ ಕೂರ್ಬೇಡಿ. ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್, ಪ್ರೆಲಿಂಗರ್ ಆರ್ಕೈವ್ಸ್ ಅನ್ನೋ ಸಂಗ್ರಹಗಳಲ್ಲಿ ಹಕ್ಕು ಮುಕ್ತವಾಗಿರೋ ಹಳೇ ಫಿಲ್ಮ್ ಬೇಕಾದಷ್ಟಿದೆ, ಒಂದೊಂದರ ಹಕ್ಕಿನ ವಿವರ ಓದ್ಕೊಂಡು ಐದು ನಿಮಿಷದ್ದು ಒಂದು ಮಾಡಿ, ವಾಯ್ಸ್‌ಓವರ್ ಇಲ್ದೇ ಮಾಡಿ.

ಸಾಫ್ಟ್‌ವೇರ್ ಕೇಳಿದ್ರಲ್ಲ, ದೊಡ್ಡ ಪ್ರಾಜೆಕ್ಟ್‌ಗಳಲ್ಲಿ ಎವಿಡ್ ಜಾಸ್ತಿ, ಪ್ರೀಮಿಯರ್ ಕೂಡ ನಡೆಯತ್ತೆ. ಒಂದು ಚೆನ್ನಾಗಿ ಬಂದ್ರೆ ಇನ್ನೊಂದಕ್ಕೆ ಕೆಲವೇ ವಾರ ಸಾಕು.